ಕೌಶಿಕನ ಅರಮನೆಯಿಂದ ಕಲ್ಯಾಣದವರೆಗೆ: ಅಕ್ಕಮಹಾದೇವಿಯ ಹಾದಿ

ಹುಡಗಿ, ಹುಮನಾಬಾದ್ ಸೀಮೆಯ ಜನರಿಗೆ ಬಸವಕಲ್ಯಾಣವೆಂದರೆ ನೆರೆಯ ಊರು. ಹನ್ನೆರಡನೆಯ ಶತಮಾನದಲ್ಲಿ ಈ ಊರಿಗೆ ಬಹುದೂರದಿಂದ ತರುಣಿಯೊಬ್ಬಳು ಒಂಟಿಯಾಗಿ ನಡೆದು ಬಂದಳು. ಶಿವಮೊಗ್ಗ ಜಿಲ್ಲೆಯ ಶಿಕಾರಿಪುರ ತಾಲ್ಲೂಕಿನ ಉಡುತಡಿ ಆಕೆಯ ಹುಟ್ಟೂರು. ನೇರ ಗೆರೆ ಎಳೆದರೂ ಅಲ್ಲಿಂದ ಕಲ್ಯಾಣಕ್ಕೆ ನಾನೂರು ಕಿಲೋಮೀಟರಿಗೂ ಹೆಚ್ಚು. ಮಹಾದೇವಿ ಚೆನ್ನಮಲ್ಲಿಕಾರ್ಜುನನನ್ನು ಅರಸಿ ಹೊರಟವಳೆಂಬುದು ಎಲ್ಲರೂ ಬಲ್ಲ ಸಂಗತಿ. ಬೆದರಿಕೆಯಿಂದ ಕೂಡಿಬಂದ ದಾಂಪತ್ಯವೊಂದನ್ನು ತೊರೆದು ಹೊರಟವಳೆಂಬುದನ್ನು ನೆನೆಯುವವರು ವಿರಳ.

ಆಕೆಯ ಬದುಕನ್ನು ಮೊದಲು ವಿಸ್ತಾರವಾಗಿ ಹೇಳಿದ ಕವಿ ಹರಿಹರ. ಅವನ ರಗಳೆಯ ಪ್ರಕಾರ, ಆ ಪ್ರಾಂತದ ಅರಸ ಕೌಶಿಕ ಮೆರವಣಿಗೆಯಲ್ಲಿ ಬರುವಾಗ ಮಹಾದೇವಿಯನ್ನು ಕಂಡು ಮೋಹಿತನಾದ. ಶಿವಭಕ್ತರಾದ ತಾಯಿತಂದೆ ಮಗಳನ್ನು ಭವಿಗೆ ಕೊಡಲು ಒಪ್ಪಲಿಲ್ಲ. ಆಗ ಅವರ ಪ್ರಾಣಕ್ಕೇ ಬೆದರಿಕೆ ಬಂತು. ಹೆತ್ತವರನ್ನು ಉಳಿಸಲು ಮಹಾದೇವಿ ಒಪ್ಪಿದಳು. ಆದರೆ ಬರಿಗೈಯಲ್ಲಿ ಒಪ್ಪಲಿಲ್ಲ. ತನ್ನ ಶಿವಪೂಜೆಗೆ, ಶರಣರ ಸಂಗಕ್ಕೆ, ಗುರುಸೇವೆಗೆ ಅಡ್ಡಿ ಬರಬಾರದೆಂಬ ನಿಬಂಧನೆ ಹಾಕಿದಳು. ಅರಸ ಮಾತು ಕೊಟ್ಟ. ಕೊಟ್ಟ ಮಾತಿಗೆ ತಪ್ಪಿದ. ಎರಡು ಸಲ ಆಕೆ ಕ್ಷಮಿಸಿದಳು. ಮೂರನೆಯ ಸಲ ಅರಮನೆಯನ್ನೂ, ಒಡವೆಯನ್ನೂ, ಉಟ್ಟ ಬಟ್ಟೆಯನ್ನೂ ಅಲ್ಲಿಯೇ ಬಿಟ್ಟು ಹೊರಟುಹೋದಳು.

ಹದಿನೈದನೆಯ ಶತಮಾನದ ಚಾಮರಸ ತನ್ನ ಪ್ರಭುಲಿಂಗಲೀಲೆಯಲ್ಲಿ ಈ ಮದುವೆ ನಡೆಯಿತೆಂಬುದನ್ನು ಒಪ್ಪುವುದಿಲ್ಲ. ವಿದ್ವಾಂಸರ ನಡುವೆಯೂ ಈ ಚರ್ಚೆ ಮುಗಿದಿಲ್ಲ. ಶರಣೆಯೊಬ್ಬಳು ಇಂಥ ಅರಸನ ಮಡದಿಯಾಗಿದ್ದಳೆಂದು ಹೇಳಲು ನಂತರದವರು ಮುಜುಗರಪಟ್ಟರೇನೋ ಎಂಬ ಅನುಮಾನ ಈ ವರದಿಗಾರನದು. ಮದುವೆಯಾಗಿರಲಿ, ಆಗದಿರಲಿ, ಬಲವಂತವಂತೂ ಎರಡೂ ಕಥನಗಳಲ್ಲಿದೆ.

ಕೌಟುಂಬಿಕ ಹಿಂಸೆಯಿಂದ ಮಹಿಳೆಯರಿಗೆ ರಕ್ಷಣೆ ನೀಡುವ ಕಾಯ್ದೆ ನಮ್ಮಲ್ಲಿ ರೂಪುಗೊಂಡದ್ದು 2005ರಲ್ಲಿ, ಜಾರಿಗೆ ಬಂದದ್ದು 2006ರಲ್ಲಿ. ಆ ಬಳಿಕವೂ, ಐದನೆಯ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಲ್ಲಿ ರಾಜ್ಯದ ವಿವಾಹಿತ ಮಹಿಳೆಯರ ಪೈಕಿ ಶೇಕಡ 44ರಷ್ಟು ಮಂದಿ ಗಂಡನಿಂದ ಹಿಂಸೆ ಅನುಭವಿಸಿದ್ದಾಗಿ ತಿಳಿಸಿದ್ದಾರೆ. ಮಹಾದೇವಿಯ ಕಾಲದಲ್ಲಿ ಅರಸನ ವಿರುದ್ಧ ದೂರು ಹೇಳಬೇಕಾದರೂ ಅರಸನ ಬಳಿಗೇ ಹೋಗಬೇಕಿತ್ತು.

ಹೊರಬಿದ್ದ ಮಾತ್ರಕ್ಕೆ ಕಷ್ಟ ಮುಗಿಯಲಿಲ್ಲ. ಶೂನ್ಯಸಂಪಾದನೆಗಳು ಹೇಳುವಂತೆ, ಕಲ್ಯಾಣಕ್ಕೆ ಬಂದವಳನ್ನು ಕಿನ್ನರಿ ಬೊಮ್ಮಯ್ಯ ಪರೀಕ್ಷೆಗೆ ಒಡ್ಡಿ, ಕೊನೆಗೆ ತಾನೇ ಸೋತ. ಅನುಭವ ಮಂಟಪದಲ್ಲಿ ಅಲ್ಲಮಪ್ರಭುವಿನ ಪ್ರಶ್ನೆಗಳು ಇನ್ನೂ ಕಠಿಣವಾಗಿದ್ದವು. ನಿನ್ನ ಪತಿ ಯಾರೆಂದು ಆತ ಮೊದಲು ಕೇಳಿದ. ಉಡುಗೆಯನ್ನು ತೊರೆದವಳು ಕೂದಲಿನಿಂದ ಮೈ ಮರೆಮಾಚುವುದೇಕೆಂದೂ ಕೆಣಕಿದ. ತುಂಬಿದ ಸಭೆಯಲ್ಲಿ, ಗಂಡಸರೇ ಹೆಚ್ಚಿದ್ದ ಕಡೆ, ಮನೆ ಬಿಟ್ಟು ಬಂದ ಹೆಣ್ಣಿಗೆ ಈ ಪ್ರಶ್ನೆಗಳು! ಚೆನ್ನಮಲ್ಲಿಕಾರ್ಜುನನೇ ತನ್ನ ಪತಿ ಎಂದಳು ಮಹಾದೇವಿ. ಕೂದಲಿನ ಮರೆ ತನ್ನ ನಾಚಿಕೆಗಲ್ಲ, ನೋಡುವವರಿಗೆ ನೋವಾಗಬಾರದೆಂದು ಎಂಬುದು ಆಕೆಯ ಸಮಾಧಾನವಾಗಿತ್ತು.

ಸಭೆ ಆಕೆಯನ್ನು ಒಪ್ಪಿಕೊಂಡಿತು. ವಯಸ್ಸಿನಲ್ಲಿ ಚಿಕ್ಕವಳಾದ ಮಹಾದೇವಿ ಅಲ್ಲಿ ಅಕ್ಕನಾದಳು. ಹಿರಿಯ ಶರಣರ ಹತ್ತಾರು ವಚನಗಳಿಗೆ ಅಕ್ಕನ ಒಂದು ವಚನ ಸಾಟಿಯೆಂಬ ಮನ್ನಣೆ ಚೆನ್ನಬಸವಣ್ಣನಿಂದ ದೊರೆಯಿತು. ಆಕೆಯ ನಾನೂರಕ್ಕೂ ಹೆಚ್ಚು ವಚನಗಳೂ, ತ್ರಿಪದಿಯಲ್ಲಿರುವ ಯೋಗಾಂಗ ತ್ರಿವಿಧಿಯೂ ಇಂದಿಗೆ ಉಳಿದುಬಂದಿವೆ. ಲೋಕದ ಗಂಡಂದಿರ ಬಗ್ಗೆ ಆ ವಚನಗಳಲ್ಲಿರುವ ಕಟುವಾದ ತಿರಸ್ಕಾರ ಓದಿನಿಂದ ಬಂದದ್ದಲ್ಲ ಎನಿಸುತ್ತದೆ. ವಿಜಯಪುರದಲ್ಲಿ 2003ರಲ್ಲಿ ಸ್ಥಾಪನೆಯಾದ ಮಹಿಳಾ ವಿಶ್ವವಿದ್ಯಾಲಯಕ್ಕೆ 2017ರಲ್ಲಿ ಅಕ್ಕನ ಹೆಸರಿಡಲಾಯಿತು.

ಅಕ್ಕ ಕಲ್ಯಾಣದಲ್ಲಿ ನೆಲೆ ನಿಲ್ಲಲಿಲ್ಲ. ಶರಣರಿಂದ ಬೀಳ್ಕೊಂಡು ಶ್ರೀಶೈಲದತ್ತ ನಡೆದಳು. ಹರಿಹರನ ಕಥನದಲ್ಲಿ ಕಲ್ಯಾಣದ ಪ್ರಸ್ತಾಪವೇ ಇಲ್ಲ; ಆಕೆ ನೇರವಾಗಿ ಶ್ರೀಶೈಲಕ್ಕೆ ಹೋಗುತ್ತಾಳೆ. ಹೆತ್ತವರು ಅಲ್ಲಿಗೆ ಬಂದು ಮಗಳನ್ನು ಕಂಡು ಮರುಗುತ್ತಾರೆ. ಕೌಶಿಕನೂ ಬರುತ್ತಾನೆ, ಈ ಸಲ ಶಿವಭಕ್ತನ ವೇಷದಲ್ಲಿ. ತಾನು ಬದಲಾಗಿದ್ದೇನೆಂದು ತೋರಿಸಿಕೊಂಡು ಮರಳಿ ಕರೆಯಲು ಬರುವ ಗಂಡನ ಈ ಚಿತ್ರ ಎಂಟು ಶತಮಾನ ಹಳೆಯದೆಂದರೆ ನಂಬುವುದು ಕಷ್ಟ. ಅಕ್ಕ ಅವನ ಮಾತಿಗೆ ಮರುಳಾಗಲಿಲ್ಲ. ಶ್ರೀಶೈಲದ ಕದಳಿಯಲ್ಲಿ ಆಕೆ ಐಕ್ಯಳಾದಳೆಂದು ಶರಣ ಪರಂಪರೆ ನಂಬುತ್ತದೆ.