ಮೇರಿ ಎಲೆನ್ ಪ್ಲೆಸೆಂಟ್

1866ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದ ಬೀದಿಯೊಂದರಲ್ಲಿ, ಐವತ್ತರ ಆಸುಪಾಸಿನ ಮಹಿಳೆಯೊಬ್ಬರು ಕುದುರೆ ಎಳೆಯುವ ಟ್ರಾಮ್ ಗಾಡಿಗೆ ಕೈ ತೋರಿಸಿದರು. ಗಾಡಿ ನಿಲ್ಲಲಿಲ್ಲ. ಒಳಗೆ ಕುಳಿತಿದ್ದ ಲಿಸೆಟ್ ವುಡ್‌ವರ್ತ್ ಎಂಬ ಬಿಳಿಯ ಮಹಿಳೆಗೆ ಆಕೆಯ ಪರಿಚಯವಿತ್ತು. ಗಾಡಿ ನಿಲ್ಲಿಸುವಂತೆ ಅವರು ಕಂಡಕ್ಟರನಿಗೆ ಹೇಳಿದರು. ಕಪ್ಪುವರ್ಣೀಯರನ್ನು ಹತ್ತಿಸಿಕೊಳ್ಳುವುದಿಲ್ಲವೆಂದು ಅವನು ಉತ್ತರಿಸಿದ. ಅಂದಿನ ದಿನಗಳಲ್ಲಿ ಇದು ನಿತ್ಯದ ಮಾತು. ಆದರೆ ರಸ್ತೆಯಂಚಿನಲ್ಲಿ ನಿಂತಿದ್ದ ಮೇರಿ ಎಲೆನ್ ಪ್ಲೆಸೆಂಟ್ ಅವಮಾನವನ್ನು ನುಂಗಿಕೊಂಡು ಮನೆಗೆ ನಡೆಯುವ ಜಾಯಮಾನದವರಲ್ಲ. ಅವರು ನ್ಯಾಯಾಲಯಕ್ಕೆ ಹೋದರು.

ಅವರ ಹುಟ್ಟಿನ ಕುರಿತು ಏಕಾಭಿಪ್ರಾಯವಿಲ್ಲ. 1814ರ ಸುಮಾರಿಗೆ ಜನಿಸಿರಬೇಕು. ಎಲ್ಲಿ, ಯಾರ ಮಗಳಾಗಿ ಎಂಬ ಪ್ರಶ್ನೆಗೆ ಅವರೇ ಬೇರೆ ಬೇರೆ ಕಾಲದಲ್ಲಿ ಬೇರೆ ಬೇರೆ ಉತ್ತರ ಕೊಟ್ಟಿದ್ದಾರೆ. ಬಾಲ್ಯದಲ್ಲಿ ಮ್ಯಾಸಚೂಸೆಟ್ಸ್‌ನ ನ್ಯಾಂಟಕೆಟ್ ದ್ವೀಪದ ಕ್ವೇಕರ್ ಕುಟುಂಬವೊಂದರ ಆಶ್ರಯದಲ್ಲಿ ಬೆಳೆದು, ಅವರ ಅಂಗಡಿಯಲ್ಲಿ ಕೆಲಸ ಮಾಡಿದರು. ಶಾಲೆಯ ಮೆಟ್ಟಿಲು ಹತ್ತಲಿಲ್ಲ. ಲೆಕ್ಕಾಚಾರವನ್ನೂ ಮನುಷ್ಯರ ಸ್ವಭಾವವನ್ನೂ ಅರಿತದ್ದು ಆ ಗಲ್ಲಾದ ಹಿಂದೆ ನಿಂತೇ. ಮೊದಲ ಪತಿ ಜೇಮ್ಸ್ ಸ್ಮಿತ್ ಗುಲಾಮಗಿರಿಯ ವಿರೋಧಿ. ತೀರಿಕೊಳ್ಳುವಾಗ ಪತ್ನಿಗೆ ಸಾಕಷ್ಟು ಹಣ ಬಿಟ್ಟುಹೋದರು. ಎರಡನೆಯ ಪತಿ ಜಾನ್ ಜೇಮ್ಸ್ ಪ್ಲೆಸೆಂಟ್ಸ್.

1852ರ ಹೊತ್ತಿಗೆ ಮೇರಿ ಎಲೆನ್ ಸ್ಯಾನ್ ಫ್ರಾನ್ಸಿಸ್ಕೋಗೆ ಬಂದಿಳಿದರು. ಚಿನ್ನದ ಆಸೆಗೆ ಬಂದ ಗಂಡಸರೇ ತುಂಬಿದ್ದ ಊರು ಅದು. ಅಡುಗೆ ಮಾಡುವವರೂ ಬಟ್ಟೆ ಒಗೆಯುವವರೂ ಸಿಗದೆ ಅವರ ಕೂಲಿ ಗಗನಕ್ಕೇರಿತ್ತು. ಮೇರಿ ಎಲೆನ್ ಸಿರಿವಂತರ ಮನೆಗಳಲ್ಲಿ ಅಡುಗೆ ಮಾಡಿದರು, ಬಟ್ಟೆ ಒಗೆಯುವ ಉದ್ಯಮಗಳನ್ನು ನಡೆಸಿದರು, ವಸತಿಗೃಹಗಳನ್ನು ತೆರೆದರು. 1871ರಲ್ಲಿ ಕ್ಯಾಲಿಫೋರ್ನಿಯಾದ ಗವರ್ನರ್ ಆಗಿ ಚುನಾಯಿತರಾದ ನ್ಯೂಟನ್ ಬೂತ್ ಕೂಡ ಅವರ ವಸತಿಗೃಹದ ನಿವಾಸಿಯೇ. ಬಡಿಸುವ ಹೆಂಗಸಿಗೆ ಕಿವಿಯಿದೆ ಎಂಬುದನ್ನು ಉಣ್ಣುವ ದೊಡ್ಡವರು ಸಾಮಾನ್ಯವಾಗಿ ಮರೆಯುತ್ತಾರೆ. ಯಾವ ಗಣಿಯ ಷೇರು ಏರಲಿದೆ, ಎಲ್ಲಿಯ ಜಮೀನಿಗೆ ಬೆಲೆ ಬರಲಿದೆ ಎಂಬ ಊಟದ ಮನೆಯ ಹರಟೆ ಅವರಿಗೆ ಬಂಡವಾಳವಾಯಿತು.

ಆ ಹಣದ ಒಂದು ಪಾಲು ಗುಲಾಮಗಿರಿಯ ವಿರುದ್ಧದ ಕೆಲಸಕ್ಕೆ ಹೋಯಿತು. ಕ್ಯಾಲಿಫೋರ್ನಿಯಾ ಕಾಗದದ ಮೇಲೆ ಸ್ವತಂತ್ರ ರಾಜ್ಯವಾಗಿದ್ದರೂ, 1858ರಲ್ಲಿ ಆರ್ಚಿ ಲೀ ಎಂಬ ತರುಣನನ್ನು ಅವನ ಒಡೆಯ ಮರಳಿ ಮಿಸಿಸಿಪ್ಪಿಗೆ ಒಯ್ಯಲು ಯತ್ನಿಸಿದ. ನ್ಯಾಯಾಲಯದಲ್ಲಿ ಬಿಡುಗಡೆ ಪಡೆದ ಆ ತರುಣನಿಗೆ ನೆರವಾದವರಲ್ಲಿ ಪ್ಲೆಸೆಂಟ್ ಒಬ್ಬರು. ಗುಲಾಮರ ದಂಗೆಗೆ ಸಿದ್ಧತೆ ನಡೆಸಿದ್ದ ಜಾನ್ ಬ್ರೌನ್‌ಗೆ 30,000 ಡಾಲರ್ ಕೊಟ್ಟೆನೆಂದು ವೃದ್ಧಾಪ್ಯದಲ್ಲಿ ಅವರು ಹೇಳಿಕೊಂಡರು. ಮೊತ್ತದ ಬಗ್ಗೆ ಚರಿತ್ರಕಾರರು ಇನ್ನೂ ವಾದಿಸುತ್ತಾರೆ.

ಮತ್ತೆ ಟ್ರಾಮಿನ ವಿಷಯಕ್ಕೆ ಬರೋಣ. ಈ ಹಾದಿಯಲ್ಲಿ ಅವರೇ ಮೊದಲಿಗರಲ್ಲ. 1863ರ ಏಪ್ರಿಲ್‌ನಲ್ಲಿ ಷಾರ್ಲಟ್ ಬ್ರೌನ್ ಎಂಬ ಯುವತಿಯನ್ನು ಆಮ್ನಿಬಸ್ ಕಂಪನಿಯ ಗಾಡಿಯಿಂದ ಇಳಿಸಲಾಗಿತ್ತು. ಆಕೆ ದಾವೆ ಹೂಡಿ, 1865ರ ಆರಂಭದಲ್ಲಿ 500 ಡಾಲರ್ ಪರಿಹಾರದ ತೀರ್ಪು ಪಡೆದರು. ಕಪ್ಪುವರ್ಣೀಯರು ಬಿಳಿಯರ ವಿರುದ್ಧ ಸಾಕ್ಷಿ ಹೇಳಬಾರದೆಂಬ ಕಾನೂನು ಈ ರಾಜ್ಯದಲ್ಲಿ ರದ್ದಾದದ್ದೇ 1863ರಲ್ಲಿ ಎಂಬುದನ್ನು ನೆನೆದರೆ, ಆ ದಾವೆಯ ಧೈರ್ಯ ಎಂಥದೆಂದು ತಿಳಿಯುತ್ತದೆ. ಆದರೂ ಕಂಡಕ್ಟರುಗಳ ವರ್ತನೆ ಬದಲಾಗಲಿಲ್ಲ. ಪ್ಲೆಸೆಂಟ್ 1866ರಲ್ಲಿ ಎರಡು ಕಂಪನಿಗಳ ವಿರುದ್ಧ ದೂರು ಕೊಟ್ಟರು. ಆಮ್ನಿಬಸ್ ಕಂಪನಿ ಇನ್ನು ಮುಂದೆ ಎಲ್ಲರನ್ನೂ ಹತ್ತಿಸಿಕೊಳ್ಳುವುದಾಗಿ ಒಪ್ಪಿದ್ದರಿಂದ ಅದರ ಮೇಲಿನ ದೂರನ್ನು ಹಿಂತೆಗೆದುಕೊಂಡರು. ನಾರ್ತ್ ಬೀಚ್ ಅಂಡ್ ಮಿಷನ್ ಕಂಪನಿಯ ಮೇಲಿನದನ್ನು ಬಿಡಲಿಲ್ಲ. ಲಿಸೆಟ್ ವುಡ್‌ವರ್ತ್ ಸಾಕ್ಷಿ ಹೇಳಿದರು. 500 ಡಾಲರ್ ಪರಿಹಾರ ಮಂಜೂರಾಯಿತು. 1868ರಲ್ಲಿ ರಾಜ್ಯದ ಸರ್ವೋಚ್ಚ ನ್ಯಾಯಾಲಯ, ವಿಶೇಷ ಹಾನಿಗೆ ಪುರಾವೆಯಿಲ್ಲವೆಂದು ಆ ಪರಿಹಾರವನ್ನು ತಳ್ಳಿಹಾಕಿತು. ಹಣ ಹೋಯಿತು.

ಅವರಿಗೆ ಬೇರೊಂದು ಸುಲಭದ ದಾರಿಯೂ ಇತ್ತು. ಮೈಬಣ್ಣ ತಿಳಿಯಾಗಿದ್ದುದರಿಂದ ಬಹುಕಾಲ ಎಷ್ಟೋ ಮಂದಿ ಅವರನ್ನು ಬಿಳಿಯ ಗೃಹಿಣಿಯೆಂದೇ ನಂಬಿದ್ದರೆಂದು ಕೆಲವು ಚರಿತ್ರಕಾರರು ಹೇಳುತ್ತಾರೆ. ಆ ಮರೆಯಲ್ಲಿಯೇ ಆರಾಮವಾಗಿ ಇದ್ದುಬಿಡಬಹುದಿತ್ತು. ಕಪ್ಪುವರ್ಣೀಯ ಮಹಿಳೆಯೆಂದೇ ದಾವೆ ಹೂಡಿ ಅದನ್ನು ತಾವೇ ಸರಿಸಿದರು. ನಮ್ಮ ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯರು ಇಲ್ಲಿ ನೆನಪಾಗುತ್ತಾರೆ. 1941ರಲ್ಲಿ ಅಮೆರಿಕದ ದಕ್ಷಿಣ ಭಾಗದ ರೈಲಿನಲ್ಲಿ ಬಿಳಿಯರಿಗೆ ಮೀಸಲಾದ ಡಬ್ಬಿಯಿಂದ ಏಳೆಂದಾಗ ಅವರು ಏಳಲಿಲ್ಲ. ಭಾರತದವರೆಂದು ಗೊತ್ತಾಗಿ ಟಿಕೆಟ್ ತಪಾಸಕ ಮೆತ್ತಗಾದಾಗ, ಆ ವಿನಾಯಿತಿಯನ್ನೂ ಸ್ವೀಕರಿಸದೆ ತಾವೂ ವರ್ಣೀಯಳೇ ಎಂದು ತಿಳಿಸಿದರು.

ಇನ್ನು ಹೆಸರಿನ ಮಾತು. ಪತ್ರಿಕೆಗಳು ಪ್ಲೆಸೆಂಟ್ ಅವರನ್ನು ಮ್ಯಾಮಿ ಎಂದು ಕರೆದವು. ಅಪರಿಚಿತ ಹೆಂಗಸನ್ನು ಅಮ್ಮ ಎನ್ನುವುದು ನಮ್ಮಲ್ಲಿ ಮರ್ಯಾದೆ. ಹಾಗಾಗಿ ಇದರಲ್ಲಿ ತಪ್ಪೇನೆಂದು ಕನ್ನಡಿಗರಿಗೆ ಅನಿಸಬಹುದು. ಆದರೆ ಅಮೆರಿಕದಲ್ಲಿ ಅದು ಒಡೆಯರ ಮಕ್ಕಳನ್ನು ಸಾಕುವ ಗುಲಾಮ ದಾದಿಯ ಹೆಸರು. ಪ್ಲೆಸೆಂಟ್ ಅದನ್ನು ಕೊನೆಯವರೆಗೂ ಒಪ್ಪಲಿಲ್ಲ. ಸ್ಯಾಕ್ರಮೆಂಟೋದ ಪಾದ್ರಿಯೊಬ್ಬರು ಹಾಗೆಂದೇ ಸಂಬೋಧಿಸಿ ಪತ್ರ ಬರೆದಾಗ, ತಮ್ಮ ಹೆಸರು ಶ್ರೀಮತಿ ಮೇರಿ ಇ. ಪ್ಲೆಸೆಂಟ್ ಎಂದು ಅವರು ತಿರುಗಿ ಬರೆದು ಕಳಿಸಿದರು. ಅದನ್ನು ಬರೆದದ್ದು ಆ ಪಾದ್ರಿಯ ಕಾಗದದ ಮೇಲೆಯೇ. ಅಂಥವರಿಗಾಗಿ ತಮ್ಮ ಕಾಗದ ಹಾಳುಮಾಡಲು ಇಷ್ಟವಿಲ್ಲವೆಂದು ಪತ್ರಿಕೆಯವರಿಗೆ ತಿಳಿಸಿದರು. 500 ಡಾಲರಿನ ದಾವೆಗಿಂತ ಈ ಒಂದು ಕಾಗದದ ಸಂಗತಿಯೇ ಅವರನ್ನು ಹೆಚ್ಚು ಪರಿಚಯಿಸುತ್ತದೆ ಎಂದು ನನ್ನ ಎಣಿಕೆ.

ಕೊನೆಯ ದಿನಗಳು ಸುಖದವಲ್ಲ. ಸ್ಕಾಟ್ಲೆಂಡ್ ಮೂಲದ ಬ್ಯಾಂಕರ್ ಥಾಮಸ್ ಬೆಲ್ ಅವರೊಡನೆ ಕೂಡಿ ಕಟ್ಟಿದ ಸಂಪತ್ತು ಬಹುಪಾಲು ಬೆಲ್ ಹೆಸರಿನಲ್ಲೇ ಇತ್ತು. ಮಾಜಿ ಸೆನೆಟರ್ ವಿಲಿಯಂ ಶರನ್ ವಿರುದ್ಧ ಸಾರಾ ಆಲ್ಥಿಯಾ ಹಿಲ್ ಹೂಡಿದ ಮದುವೆಯ ದಾವೆಗೆ ಹಣ ಕೊಟ್ಟದ್ದಕ್ಕಾಗಿ 1880ರ ದಶಕದಲ್ಲಿ ಪತ್ರಿಕೆಗಳು ಪ್ಲೆಸೆಂಟ್ ಅವರನ್ನು ಮಾಟಗಾತಿಯಾಗಿ ಚಿತ್ರಿಸಿದವು. 1892ರಲ್ಲಿ ಬೆಲ್ ಮಹಡಿಯಿಂದ ಬಿದ್ದು ತೀರಿಕೊಂಡರು. ಯಾವುದು ಯಾರ ಆಸ್ತಿ ಎಂಬ ಜಗಳದಲ್ಲಿ ಪ್ಲೆಸೆಂಟ್ ಸೋತು, ತಾವೇ ಕಟ್ಟಿಸಿದ ಮಹಲಿನಿಂದ ಹೊರಬೀಳಬೇಕಾಯಿತು. ಟ್ರಾಮಿನ ಸೀಟಿಗಾಗಿ ಸರ್ವೋಚ್ಚ ನ್ಯಾಯಾಲಯದವರೆಗೆ ಹೋದವರು ಸ್ವಂತ ಗಳಿಕೆಯನ್ನು ಸ್ವಂತ ಹೆಸರಿನಲ್ಲಿ ಇಡಲಿಲ್ಲವಲ್ಲ ಎಂದು ಇಂದಿನ ಓದುಗರಿಗೆ ಕಸಿವಿಸಿಯಾದೀತು. ಕಪ್ಪುವರ್ಣೀಯ ಹೆಂಗಸಿನ ಹೆಸರು ಕಂಡರೆ ವ್ಯವಹಾರವೇ ನಿಲ್ಲುತ್ತಿದ್ದ ಕಾಲವದು. 1904ರ ಜನವರಿಯಲ್ಲಿ, ಆಸರೆಯಿತ್ತ ಶರ್‌ವುಡ್ ಕುಟುಂಬದ ಮನೆಯಲ್ಲಿ ಅವರು ನಿಧನರಾದರು. ನ್ಯಾಪಾದ ಟುಲೋಕೇ ಸ್ಮಶಾನದಲ್ಲಿರುವ ಅವರ ಗೋರಿಕಲ್ಲು ಅವರನ್ನು ಜಾನ್ ಬ್ರೌನ್‌ನ ಸ್ನೇಹಿತೆಯೆಂದು ಗುರುತಿಸುತ್ತದೆ. ಅದು ಅವರದೇ ಬಯಕೆಯಾಗಿತ್ತು.

ಅವರು ನೆಟ್ಟರೆನ್ನಲಾದ ನೀಲಗಿರಿ ಮರಗಳು ಸ್ಯಾನ್ ಫ್ರಾನ್ಸಿಸ್ಕೋದ ಆಕ್ಟೇವಿಯಾ ಮತ್ತು ಬುಷ್ ಬೀದಿಗಳು ಕೂಡುವಲ್ಲಿ ಇಂದಿಗೂ ಇವೆ. ಕಾಲುದಾರಿಯ ಮೇಲಿನ ಫಲಕ ಅವರನ್ನು ಕ್ಯಾಲಿಫೋರ್ನಿಯಾದ ನಾಗರಿಕ ಹಕ್ಕುಗಳ ಮಾತೆ ಎಂದು ಕರೆಯುತ್ತದೆ. ಈ ಸಂಬೋಧನೆಯನ್ನು ಅವರು ಒಪ್ಪುತ್ತಿದ್ದರೋ, ಅದಕ್ಕೂ ಒಂದು ಕಾಗದ ಬರೆಯುತ್ತಿದ್ದರೋ!