ಸಂವಿಧಾನದ ಸಲಹೆಗಾರ ಬೆನಗಲ್ ನರಸಿಂಗರಾಯರು

ಲೋಕದಲ್ಲಿ ಎರಡು ಬಗೆಯ ಹಿರಿಯರುಂಟು. ಸಭೆಯ ನಡುವೆ ನಿಂತು ವಾದಿಸಿ ಜನರನ್ನು ಒಲಿಸಿಕೊಂಡು ಕಾರ್ಯ ಸಾಧಿಸಿದವರು ಒಂದು ಬಗೆ. ಹಿಂದಿನ ಕೊಠಡಿಯಲ್ಲಿ ಕುಳಿತು, ಆ ಸಭೆಗೆ ಬೇಕಾದ ಕಾಗದಪತ್ರಗಳನ್ನು ಅಣಿಮಾಡಿಕೊಟ್ಟು, ತಾವು ಮರೆಯಲ್ಲಿಯೇ ಉಳಿದವರು ಇನ್ನೊಂದು ಬಗೆ. ಮೊದಲಿನವರ ಚರಿತ್ರೆಯನ್ನು ನಾವು ಪಾಠವಾಗಿ ಓದುತ್ತೇವೆ. ಎರಡನೆಯವರ ಹೆಸರು ಪರೀಕ್ಷೆಯಲ್ಲಿ ಒಂದು ಅಂಕದ ಪ್ರಶ್ನೆಯಾಗಿ ಬಂದು ಹೋಗುತ್ತದೆ. ಭಾರತದ ಸಂವಿಧಾನ ರಚನಾ ಸಭೆಯ ಸಲಹೆಗಾರರು ಯಾರೆಂಬ ಪ್ರಶ್ನೆಗೆ ಬಿ. ಎನ್. ರಾವ್ ಎಂದು ಬರೆದು ನಾನೂ ಅಂಕ ಪಡೆದಿದ್ದೇನೆ. ಅವರು ನಮ್ಮ ಕನ್ನಡ ನಾಡಿನ ಮಂಗಳೂರಿನವರೆಂಬುದು ಆಗ ನನಗೆ ತಿಳಿದಿರಲಿಲ್ಲ.

ಬೆನಗಲ್ ನರಸಿಂಗರಾಯರು 1887ನೆಯ ಇಸವಿ ಫೆಬ್ರವರಿ 26ರಂದು ಮಂಗಳೂರಿನ ಸಾರಸ್ವತ ಮನೆತನವೊಂದರಲ್ಲಿ ಜನಿಸಿದರು. ತಂದೆ ರಾಘವೇಂದ್ರರಾಯರು ಹೆಸರಾಂತ ವೈದ್ಯರು. ಒಡಹುಟ್ಟಿದವರೂ ಸಾಮಾನ್ಯರಲ್ಲ. ರಾಮರಾಯರು ರಿಸರ್ವ್ ಬ್ಯಾಂಕಿನ ಗವರ್ನರಾದರು. ಶಿವರಾಯರು ಪತ್ರಿಕೋದ್ಯಮಿಯಾಗಿ, ಸಂವಿಧಾನ ರಚನಾ ಸಭೆಯ ಸದಸ್ಯರಾಗಿ ಹೆಸರು ಪಡೆದರು. ನರಸಿಂಗರಾಯರು ಮಂಗಳೂರಿನ ಕೆನರಾ ಹೈಸ್ಕೂಲಿನಲ್ಲಿ ಓದಿ ಇಡೀ ಮದರಾಸು ಪ್ರಾಂತಕ್ಕೆ ಮೊದಲಿಗರಾಗಿ ತೇರ್ಗಡೆಯಾದರು. ಮದರಾಸಿನ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ವ್ಯಾಸಂಗ ಮುಗಿಸಿ, ವಿದ್ಯಾರ್ಥಿವೇತನದ ನೆರವಿನಿಂದ ಕೇಂಬ್ರಿಜ್ಜಿನ ಟ್ರಿನಿಟಿ ಕಾಲೇಜಿಗೆ ಹೋಗಿ ಗಣಿತದಲ್ಲಿ ಉನ್ನತ ದರ್ಜೆ ಗಳಿಸಿದರು. 1909ರಲ್ಲಿ ಐ.ಸಿ.ಎಸ್. ಪರೀಕ್ಷೆಯಲ್ಲಿಯೂ ಉತ್ತೀರ್ಣರಾಗಿ ಸ್ವದೇಶಕ್ಕೆ ಮರಳಿದರು.

ಅವರು ಕರಿಯ ನಿಲುವಂಗಿ ತೊಟ್ಟು ವಕೀಲಿ ಮಾಡಿದವರಲ್ಲ. ಆದರೆ ಬದುಕನ್ನೆಲ್ಲ ಕಾನೂನಿಗೇ ಮುಡಿಪಾಗಿಟ್ಟರು. ಬಂಗಾಳ ಅಸ್ಸಾಂ ಕಡೆಗಳಲ್ಲಿ ನ್ಯಾಯಾಧೀಶರಾಗಿದ್ದು, 1925ರಿಂದ ಸುಮಾರು ಎಂಟು ವರ್ಷ ಅಸ್ಸಾಂ ಸರ್ಕಾರಕ್ಕೆ ಕಾನೂನು ವಿಷಯಗಳಲ್ಲಿ ಸಲಹೆ ನೀಡುವ ಅಧಿಕಾರಿಯಾಗಿದ್ದರು. 1935ರ ಭಾರತ ಸರ್ಕಾರ ಕಾಯಿದೆ ಬಂದಾಗ, ದೇಶದಲ್ಲಿ ಅದುವರೆಗೆ ಜಾರಿಯಲ್ಲಿದ್ದ ಕಾನೂನುಗಳನ್ನೆಲ್ಲ ಅದಕ್ಕೆ ಹೊಂದುವಂತೆ ತಿದ್ದುವ ಭಾರವಾದ ಕೆಲಸ ಅವರ ಪಾಲಿಗೆ ಬಂತು. 1938ರಲ್ಲಿ ಅವರಿಗೆ ಸರ್ ಪದವಿ ದೊರೆಯಿತು. ಅನಂತರ ಕಲ್ಕತ್ತಾ ಹೈಕೋರ್ಟಿನ ನ್ಯಾಯಾಧೀಶರಾದರು.

ಈ ಕಾಲದಲ್ಲಿ ಅವರು ವಹಿಸಿಕೊಂಡ ಒಂದು ಕಾರ್ಯ ನಮ್ಮ ಸೀಮೆಯವರಿಗೆ ಬಹಳ ಹತ್ತಿರದ್ದು. ಉಕ್ಕಡಗಾತ್ರಿಯ ಅಜ್ಜಯ್ಯನ ಗದ್ದುಗೆಗೆ ಅಮಾವಾಸ್ಯೆಯಂದು ಬರುವ ಭಕ್ತರು ತುಂಗಭದ್ರೆಯಲ್ಲಿ ಮಿಂದು ದರ್ಶನಕ್ಕೆ ನಡೆಯುತ್ತಾರೆ. ಅದೇ ಹೊಳೆಯ ಆಚೆ ದಡ 1956ರವರೆಗೆ ಬೇರೆ ರಾಜ್ಯವಾಗಿತ್ತು. ಭದ್ರಾ ನಾಲೆಯ ನೀರು ಮೇಲಿನ ಊರುಗಳಲ್ಲಿ ಹರಿದು ಹರಿಹರದ ಕಡೆಯ ಕೊನೆ ಭಾಗದ ಗದ್ದೆಗೆ ಮುಟ್ಟದೆ ಹೋದ ವರ್ಷ ರೈತನ ಮನೆಯಲ್ಲಿ ಏನಾಗುತ್ತದೆಂಬುದನ್ನು ನಾವು ಬಲ್ಲೆವು. ಇಂಥದೇ ವ್ಯಾಜ್ಯ ಸಿಂಧೂ ನದಿಯ ಬಯಲಿನಲ್ಲಿ ಎದ್ದಿತ್ತು. ಮೇಲಣ ಪಂಜಾಬು ಭಾಕ್ರಾದಲ್ಲಿ ಅಣೆಕಟ್ಟು ಕಟ್ಟಿ ನೀರು ಹಿಡಿದರೆ ತನ್ನ ಕಾಲುವೆಗಳು ಒಣಗುವುವೆಂದು ಕೆಳಗಣ ಸಿಂಧ್ ಪ್ರಾಂತ ದೂರಿತು. 1941ರಲ್ಲಿ ನೇಮಕವಾದ ವಿಚಾರಣಾ ಆಯೋಗಕ್ಕೆ ರಾಯರೇ ಅಧ್ಯಕ್ಷರು. ಹರಿಯುವ ನೀರು ಮೇಲಿನವನ ಸ್ವಂತ ಸೊತ್ತೂ ಅಲ್ಲ, ಕೆಳಗಿನವನ ಸ್ವಂತ ಸೊತ್ತೂ ಅಲ್ಲ. ಎಲ್ಲರ ಅಗತ್ಯವನ್ನೂ ತೂಗಿ ನ್ಯಾಯವಾಗಿ ಹಂಚಬೇಕಾದದ್ದು ಎಂಬುದು 1942ರಲ್ಲಿ ಆಯೋಗ ಕೊಟ್ಟ ವರದಿಯ ಸಾರ. ಆ ಎರಡು ಪ್ರಾಂತಗಳು ಒಪ್ಪಂದಕ್ಕೆ ಬರಲಿಲ್ಲ, ದೇಶವೇ ಇಬ್ಭಾಗವಾಯಿತು. ಆದರೆ ನದಿಯ ನೀರನ್ನು ಕುರಿತ ಮುಂದಿನ ವ್ಯಾಜ್ಯಗಳಲ್ಲಿ ಈ ತತ್ತ್ವವನ್ನು ಮತ್ತೆ ಮತ್ತೆ ನೆನೆಯಬೇಕಾಯಿತು.

ಹಿಂದೂ ಕಾನೂನನ್ನು ಸುಧಾರಿಸುವ ಸಮಿತಿಗೂ ಅದೇ 1941ರಲ್ಲಿ ಅವರು ಅಧ್ಯಕ್ಷರಾದರು. ತಂದೆಯ ಆಸ್ತಿಯಲ್ಲಿ ಹೆಣ್ಣುಮಗಳಿಗೂ ಪಾಲು ಇರಬೇಕೆಂಬ ವಿಚಾರ ಆ ಸಮಿತಿಯ ಕರಡಿನಲ್ಲಿತ್ತು. ಸಂಪ್ರದಾಯಸ್ಥರು ಬಲವಾಗಿ ವಿರೋಧಿಸಿದರು. ಆ ಬೀಜ 1955 ಮತ್ತು 1956ರ ಶಾಸನಗಳಲ್ಲಿ ಫಲ ಕೊಟ್ಟಿತು.

1944ರಲ್ಲಿ ರಾಯರು ಜಮ್ಮು ಮತ್ತು ಕಾಶ್ಮೀರ ಸಂಸ್ಥಾನದ ಪ್ರಧಾನಮಂತ್ರಿಯಾದರು. ಮಹಾರಾಜರೊಡನೆ ಅಭಿಪ್ರಾಯ ಹೊಂದದೆ ಮರುವರ್ಷವೇ ಆ ಪದವಿಯನ್ನು ಬಿಟ್ಟು ಬಂದರು.

1946ರ ಜುಲೈನಲ್ಲಿ ಅವರು ಸಂವಿಧಾನ ರಚನಾ ಸಭೆಯ ಸಲಹೆಗಾರರಾದರು. ಅಂದಿನಿಂದ ಅವರ ಜೀವನದ ಮುಖ್ಯ ಅಧ್ಯಾಯ ಆರಂಭವಾಯಿತು. ಅವರು ಸಭೆಯ ಸದಸ್ಯರಲ್ಲ. ಮತ ಹಾಕುವ ಅಧಿಕಾರ ಅವರಿಗಿರಲಿಲ್ಲ. ಸಂಬಳವನ್ನೂ ತೆಗೆದುಕೊಳ್ಳದೆ ಗೌರವ ಸೇವೆಯಾಗಿ ದುಡಿದರು. ದೇಶದೇಶಗಳ ಸಂವಿಧಾನಗಳನ್ನು ಶೋಧಿಸಿ, ಯಾವ ತೊಡಕಿಗೆ ಎಲ್ಲಿ ಯಾವ ಪರಿಹಾರ ಕಂಡುಕೊಂಡರೆಂಬುದನ್ನು ಟಿಪ್ಪಣಿಗಳಾಗಿ ಬರೆದು ಸದಸ್ಯರ ಕೈಗಿತ್ತರು. ಸಮಿತಿಗಳ ತೀರ್ಮಾನಗಳನ್ನು ಒಟ್ಟುಗೂಡಿಸಿ 1947ರ ಅಕ್ಟೋಬರ್ ಹೊತ್ತಿಗೆ 240 ಕಲಮುಗಳು ಮತ್ತು 13 ಅನುಸೂಚಿಗಳುಳ್ಳ ಮೊದಲ ಕರಡನ್ನು ಸಿದ್ಧಪಡಿಸಿದರು. ಬಳಿಕ ಅಮೆರಿಕ, ಕೆನಡಾ, ಐರ್ಲೆಂಡ್, ಇಂಗ್ಲೆಂಡ್ ದೇಶಗಳಿಗೆ ಹೋಗಿ ಅಲ್ಲಿನ ನ್ಯಾಯಾಧೀಶರನ್ನೂ ರಾಜಕಾರಣಿಗಳನ್ನೂ ಕಂಡು ಸಲಹೆ ಕೇಳಿದರು. ಬರ್ಮಾ ದೇಶದ ಸಂವಿಧಾನಕ್ಕೂ ಅವರ ನೆರವು ಸಂದಿತು.

ಈಚೆಗೆ ಕೆಲವರು ಈ ಮೊದಲ ಕರಡನ್ನು ಮುಂದಿಟ್ಟು ಡಾ. ಅಂಬೇಡ್ಕರರ ಕೀರ್ತಿಯನ್ನು ಕುಗ್ಗಿಸಲು ನೋಡುತ್ತಾರೆ. ಇದು ಇಬ್ಬರಿಗೂ ಮಾಡುವ ಅನ್ಯಾಯ. ಅಂಬೇಡ್ಕರರ ಅಧ್ಯಕ್ಷತೆಯ ಕರಡು ಸಮಿತಿ ರಾಯರ ಕರಡನ್ನು ಸಾಲುಸಾಲಾಗಿ ಪರಿಶೀಲಿಸಿ 1948ರ ಫೆಬ್ರವರಿಯಲ್ಲಿ 315 ಕಲಮುಗಳ ಹೊಸ ಕರಡನ್ನು ಹೊರತಂದಿತು. ಸಭೆಯಲ್ಲಿ ಬಂದ ಸಾವಿರಾರು ತಿದ್ದುಪಡಿಗಳಿಗೆ ಅಂಬೇಡ್ಕರರು ಮುಂದೆ ನಿಂತು ಸಮಾಧಾನ ಹೇಳಿದರು. ಕೊನೆಗೆ 395 ಕಲಮುಗಳ ಸಂವಿಧಾನ ಅಂಗೀಕಾರವಾಯಿತು. 1949ರ ನವೆಂಬರ್ 25ರಂದು ಮಾತನಾಡುತ್ತ ಅಂಬೇಡ್ಕರರೇ ತಮಗೆ ಸಂದ ಹೊಗಳಿಕೆಯಲ್ಲಿ ಒಂದು ಪಾಲು ರಾಯರಿಗೂ, ಮುಖ್ಯ ಕರಡುಗಾರರಾದ ಎಸ್. ಎನ್. ಮುಖರ್ಜಿಯವರಿಗೂ ಸಲ್ಲಬೇಕೆಂದು ತುಂಬಿದ ಸಭೆಯಲ್ಲಿ ತಿಳಿಸಿದರು. ದೊಡ್ಡವರು ಹಂಚಿಕೊಂಡ ಕೀರ್ತಿಯನ್ನು ಕಿತ್ತಾಡಿ ಬೇರೆಮಾಡಲು ನಾವು ಯಾರು?

ರಾಯರ ಸಲಹೆಗಳೆಲ್ಲ ನಿರ್ದುಷ್ಟವೆಂದು ನಾನು ಹೇಳಲಾರೆ. ನ್ಯಾಯಾಲಯದ ಮೂಲಕ ಪಡೆಯಬಹುದಾದ ಹಕ್ಕುಗಳು ಒಂದು ಕಡೆ, ಸರ್ಕಾರದ ಕರ್ತವ್ಯವೆಂದಷ್ಟೇ ಹೇಳಬಹುದಾದ ತತ್ತ್ವಗಳು ಇನ್ನೊಂದು ಕಡೆ ಎಂದು ಗೆರೆ ಎಳೆಯಬೇಕೆಂಬುದು ಅವರ ಸಲಹೆಗಳಲ್ಲೊಂದು. ಐರ್ಲೆಂಡಿನ ಸಂವಿಧಾನದಲ್ಲಿ ಇದಕ್ಕೆ ಮಾದರಿಯಿತ್ತು. ಬಡದೇಶ ಕೊಡಲಾಗದ್ದನ್ನು ಹಕ್ಕೆಂದು ಬರೆದರೆ ಹಕ್ಕೆಂಬ ಮಾತೇ ಬೆಲೆಗೆಟ್ಟೀತೆಂಬ ವಾದವೂ ಇದಕ್ಕೆ ಬೆಂಬಲವಾಗಿತ್ತು. ಹದಿನಾಲ್ಕು ವಯಸ್ಸಿನವರೆಗಿನ ಮಕ್ಕಳಿಗೆ ಉಚಿತ ಶಿಕ್ಷಣವೆಂಬ ಮಾತು ಸಮಿತಿಗಳ ಚರ್ಚೆಯಲ್ಲಿ ಆ ಗೆರೆಯ ಆಚೆಗೆ ಬಿತ್ತು. ಹತ್ತು ವರ್ಷದೊಳಗೆ, ಎಂದರೆ 1960ರೊಳಗೆ, ಅದನ್ನು ಸಾಧಿಸಲು ಸರ್ಕಾರ ಯತ್ನಿಸಬೇಕೆಂದು ಬರೆದರು. ನನ್ನ ಅಜ್ಜಿ ಹುಡುಗಿಯಾಗಿದ್ದದ್ದು ಅದೇ ಹತ್ತು ವರ್ಷದಲ್ಲಿ. ಅವಳು ಶಾಲೆಯ ಮೆಟ್ಟಿಲು ಹತ್ತಲಿಲ್ಲ; ಇಂದಿಗೂ ಹೆಬ್ಬೆಟ್ಟು ಒತ್ತುತ್ತಾಳೆ. 1992ರಲ್ಲಿ ಕರ್ನಾಟಕದಿಂದಲೇ ಹೋದ ಒಂದು ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ವಿದ್ಯೆಯೂ ಹಕ್ಕೆಂದು ಸಾರಿತು. 2002ರ ತಿದ್ದುಪಡಿಯಿಂದ ಅದು ಗೆರೆ ದಾಟಿ ಮೂಲಭೂತ ಹಕ್ಕಾಯಿತು. 2010ರ ಏಪ್ರಿಲ್ 1ರಿಂದ ಕಾಯಿದೆ ಜಾರಿಗೆ ಬಂತು. ಅದಾದ ಸ್ವಲ್ಪದರಲ್ಲೇ ನಾನು ಒಂದನೆಯ ತರಗತಿಗೆ ಸೇರಿದೆ. ನಮ್ಮ ಮನೆಯಲ್ಲಿ ಕಾಲೇಜು ಕಂಡವರು ನನಗಿಂತ ಮೊದಲು ಯಾರೂ ಇಲ್ಲ.

ಆದ್ದರಿಂದ ಈ ಗೆರೆಯನ್ನು ಕುರಿತು ಓದಿದಾಗ ಮೊದಲು ನನಗೆ ಸಿಟ್ಟೇ ಬಂತು. ಆದರೆ ಮುಂದಕ್ಕೆ ಓದಿದಾಗ ಬೇರೊಂದು ಸಂಗತಿ ತಿಳಿಯಿತು. ಸರ್ಕಾರ ಆ ತತ್ತ್ವಗಳನ್ನು ನಡೆಸಲೆಂದು ಮಾಡಿದ ಕಾನೂನನ್ನು ಮೂಲಭೂತ ಹಕ್ಕಿಗೆ ವಿರುದ್ಧವೆಂಬ ಒಂದೇ ಕಾರಣದಿಂದ ರದ್ದುಮಾಡಬಾರದೆಂದು ಸ್ವತಃ ರಾಯರೇ ತಿದ್ದುಪಡಿಯೊಂದನ್ನು ಸೂಚಿಸಿದ್ದರು. ಕರಡು ಸಮಿತಿ ಅದನ್ನು ಸ್ವೀಕರಿಸಲಿಲ್ಲ. ತಾನೇ ಎಳೆದ ಗೆರೆ ಬಡವನಿಗೆ ಗೋಡೆಯಾದೀತೆಂಬ ಶಂಕೆ ಅವರ ಮನಸ್ಸಿಗೂ ಬಂದಿರಬೇಕು. ತನ್ನ ಬರಹವನ್ನು ತಾನೇ ಮತ್ತೊಮ್ಮೆ ತಿದ್ದಲು ಮುಂದಾಗುವ ಗುಣ ಎಲ್ಲ ವಿದ್ವಾಂಸರಿಗೂ ಇರುವುದಿಲ್ಲ.

ಸಂವಿಧಾನದ ಕೆಲಸ ಮುಗಿಯುತ್ತ ಬಂದಂತೆ ರಾಯರು ವಿಶ್ವಸಂಸ್ಥೆಯಲ್ಲಿ ಭಾರತದ ಪ್ರತಿನಿಧಿಯಾದರು. 1950ರ ಜೂನ್ ತಿಂಗಳಲ್ಲಿ ಭದ್ರತಾ ಮಂಡಲಿಯ ಅಧ್ಯಕ್ಷಪೀಠ ಅವರದಾಗಿತ್ತು. ಕೊರಿಯಾದ ಯುದ್ಧ ಹೊತ್ತಿಕೊಂಡದ್ದು ಅದೇ ತಿಂಗಳು. ಕದನ ನಿಲ್ಲಿಸಲು ದಾರಿ ಹುಡುಕಲೆಂದು ಆ ವರ್ಷದ ಕೊನೆಯಲ್ಲಿ ನೇಮಕವಾದ ಮೂವರಲ್ಲಿ ಅವರೂ ಒಬ್ಬರು. 1952ರಲ್ಲಿ ಹೇಗ್ ನಗರದ ಅಂತರರಾಷ್ಟ್ರೀಯ ನ್ಯಾಯಾಲಯದ ನ್ಯಾಯಾಧೀಶರಾದರು. ಆ ಪೀಠದಲ್ಲಿ ಎರಡು ವರ್ಷ ತುಂಬುವ ಮೊದಲೇ, 1953ರ ನವೆಂಬರ್ 30ರಂದು ಸ್ವಿಟ್ಜರ್ಲೆಂಡಿನ ಜೂರಿಚ್ ನಗರದಲ್ಲಿ ಕಾಲವಶರಾದರು. ಅವರ ಟಿಪ್ಪಣಿಗಳನ್ನು ತಮ್ಮ ಶಿವರಾಯರು ಸಂಪಾದಿಸಿ 1960ರಲ್ಲಿ ಗ್ರಂಥರೂಪದಲ್ಲಿ ಪ್ರಕಟಿಸಿದರು.

ರಾಯರ ಬಾಳಿನಲ್ಲಿ ರೋಮಾಂಚಕಾರಿಯಾದ ಸಾಹಸಗಳಿಲ್ಲ, ಸೆರೆಮನೆಯಿಲ್ಲ, ಜಯಘೋಷಗಳಿಲ್ಲ. ಓದು, ಟಿಪ್ಪಣಿ, ತಿದ್ದುಪಡಿ, ಮತ್ತೆ ಓದು — ಇಷ್ಟೇ ಇದೆ. ಆದರೆ ಆ ಓದಿನ ಫಲ ಕೋಟ್ಯಂತರ ಜನರ ಬದುಕಿಗೆ ಮುಟ್ಟಿತು. ನಮ್ಮಲ್ಲಿ ಹೆಚ್ಚಿನವರು ನಾಳೆ ಸಭೆಯನ್ನು ಗೆಲ್ಲುವ ವಾಗ್ಮಿಗಳಾಗದಿರಬಹುದು. ಯಾವುದೋ ಕಚೇರಿಯಲ್ಲಿ ಕಾಗದ ಬರೆಯುವವರಾಗಬಹುದು. ಆಗ ನಾವು ಬರೆಯುವ ಒಂದು ಸಾಲಿನ ಆಚೆ ಯಾರೋ ಒಬ್ಬ ಅಜ್ಜಿ, ಯಾರೋ ಒಂದು ಮಗು ನಿಂತಿದೆ ಎಂಬುದನ್ನು ಮರೆಯದಿದ್ದರೆ ಸಾಕು. ರಾಯರ ಚರಿತ್ರೆಯನ್ನು ಓದಿದ್ದು ಸಾರ್ಥಕವಾಗುತ್ತದೆ.