ಟಾಲ್ಕಿನ್ನನ ಪಂಚಾಂಗ

ಟಾಲ್ಕಿನ್ ಎಂದೊಡನೆ ಓದುಗರಿಗೆ ಉಂಗುರದ ಮಹಾಕಥೆ ನೆನಪಾಗುತ್ತದೆ. ನನಗೆ, ಅದರ ಅನುಬಂಧದಲ್ಲಿರುವ ಪಂಚಾಂಗ. 1892ರಲ್ಲಿ ದಕ್ಷಿಣ ಆಫ್ರಿಕದ ಬ್ಲೂಮ್‌ಫಾಂಟೀನಿನಲ್ಲಿ ಜನಿಸಿದ ಈತ ನಾಲ್ಕನೆಯ ವಯಸ್ಸಿನಲ್ಲಿ ತಂದೆಯನ್ನೂ ಹನ್ನೆರಡರಲ್ಲಿ ತಾಯಿಯನ್ನೂ ಕಳೆದುಕೊಂಡ. 1916ರಲ್ಲಿ ಫ್ರಾನ್ಸಿನ ರಣಭೂಮಿ ಶಾಲೆಯ ಗೆಳೆಯರಿಬ್ಬರನ್ನು ನುಂಗಿತು. ಮುಂದೆ ಆಕ್ಸ್‌ಫರ್ಡಿನಲ್ಲಿ ಹಳೆಯ ಇಂಗ್ಲಿಷಿನ ಪ್ರಾಧ್ಯಾಪಕನಾದ.

ಕಾಲನಿಂದ ಇಷ್ಟು ನೊಂದವನು ತನ್ನ ಹಾಬಿಟ್ಟರೆಂಬ ಕುಳ್ಳ ಜನಕ್ಕೆ ಕಟ್ಟಿಕೊಟ್ಟ ಕಾಲಗಣನೆ ಎಷ್ಟು ನೆಮ್ಮದಿಯದು! 1955ರ ಮೂರನೆಯ ಸಂಪುಟದಲ್ಲಿ ಅದರ ವಿವರವಿದೆ. ಹನ್ನೆರಡು ತಿಂಗಳು, ಒಂದೊಂದಕ್ಕೂ 30 ದಿನ. ಮಿಕ್ಕ ಐದು ದಿನ ಯಾವ ತಿಂಗಳಿಗೂ ಸೇರವು: ವರ್ಷಸಂಧಿಯಲ್ಲಿ ಎರಡು, ನಡುಬೇಸಗೆಯಲ್ಲಿ ಮೂರು, ಎಲ್ಲವೂ ಹಬ್ಬಕ್ಕೆ. ವರ್ಷದ ನಟ್ಟನಡುವಿನ ದಿನಕ್ಕೆ ವಾರದ ಹೆಸರೂ ಇಲ್ಲ. ಉಳಿದವು 364, ಸರಿಯಾಗಿ 52 ವಾರ; ಆದುದರಿಂದ ಒಂದು ತಾರೀಖಿಗೆ ಎಂದೆಂದಿಗೂ ಒಂದೇ ವಾರ. ಅಧಿಕಮಾಸ, ಕ್ಷಯತಿಥಿಗಳ ನಡುವೆ ಬೆಳೆದ ನಮಗೆ ಇದು ಅತಿ ಅಚ್ಚುಕಟ್ಟೆನಿಸೀತು.

ಆದರೆ ಚಂದ್ರ ಅಷ್ಟು ಸುಲಭವಾಗಿ ಒಲಿಯಲಿಲ್ಲ. 1944ರಲ್ಲಿ, ತನ್ನ ಕಥೆಯಲ್ಲಿ ಅವನು ಒಂದೆಡೆ ಉದಯಿಸುತ್ತಿರುವಾಗಲೇ ಇನ್ನೊಂದೆಡೆ ಅಸ್ತಮಿಸುತ್ತಿರುವುದನ್ನು ಕಂಡು, ಟಾಲ್ಕಿನ್ ಹಿಂದಿನ ಅಧ್ಯಾಯಗಳನ್ನು ತಿದ್ದುತ್ತ ಇಡೀ ಅಪರಾಹ್ನ ಕಳೆದ. ಇಂಥ ತಿದ್ದುವಿಕೆಯಲ್ಲಿಯೇ ಆಯುಷ್ಯ ಸರಿಯಿತು. ಯೌವನದಲ್ಲಿ ತೊಡಗಿದ ಪ್ರಾಚೀನ ಯುಗದ ಕಥೆಗಳು 1973ರಲ್ಲಿ ಆತ ತೀರಿಕೊಂಡಾಗಲೂ ಮುಗಿದಿರಲಿಲ್ಲ. ಅವನ್ನು ಹೊಂದಿಸಿ 1977ರಲ್ಲಿ ಅಚ್ಚಿಗೆ ತಂದವನು ಮಗ.